ಕಪ್ಪು ಚೌಕಟ್ಟಿನ ಮರ್ಯಾದೆ

ಕಪಿರಿ ಮ್ಪೋಶಿ
9 ಫೆಬ್ರವರಿ 1997

ಕೋತಿ ತಿನ್ನುವವರ ಕುಲತಿಲಕ, ‘ಇಲ್ಯಾಶಿ’ ವಾರಪತ್ರಿಕೆಯ ಸಂಪಾದಕನೆಂದು ತನ್ನನ್ನು ತಾನೇ ಕರೆದುಕೊಳ್ಳುವ ಅಲ್ಬಿನೊ ಕಪಾಸನಿಗೆ,

ಕಳೆದ ವಾರದ ನಾಲ್ಕನೇ ಪುಟ ಓದಿದೆ. ನಮ್ಮ ಅಂಗೋನಿ ಕುಲದ ಅಜ್ಜಂದಿರು ನಿಮ್ಮ ಬೆಂಬಾ ಕುಲದ ಅಜ್ಜಂದಿರನ್ನು ಕಂಡು ಈಟಿ ಬಿಸಾಡಿ ಓಡಿದರು ಎಂದು ಬರೆದಿದ್ದೀಯ. ಓಡಿದ್ದು ನಿಜ. ಈಟಿಗೆ ಹೆದರಿ ಅಲ್ಲ, ಬಾಯಿವಾಸನೆಗೆ. ಕೋತಿಯನ್ನು ಬಾಲಸಮೇತ ತಿಂದು ಯುದ್ಧಕ್ಕೆ ಬಂದವರ ಎದುರು ಯಾವ ವೀರ ತಾನೇ ನಿಂತಾನು? ಆಮೇಲೆ ಎರಡೂ ಕಡೆಯವರಿಗೂ ಸಾಕಾಗಿ, ಇನ್ನು ಮುಂದೆ ಈಟಿ ಬೇಡ, ಬೈಗುಳದಲ್ಲೇ ಮುಂದುವರಿಸೋಣ ಎಂದು ಒಪ್ಪಂದವಾಯಿತಲ್ಲ, ಅದನ್ನು ಇಂದಿಗೂ ಪಾಲಿಸುತ್ತಿರುವವನು ನಾನೊಬ್ಬನೇ. ನಿನ್ನದು ಬೈಗುಳವೇ ಅಲ್ಲ, ಗೊಣಗಾಟ. ಮೂವತ್ತು ವರ್ಷ ರೈಲಿಗೆ ಹಸಿರು ಬಾವುಟ ತೋರಿಸಿದ ಗಾರ್ಡ್ ನಾನು. ನಿನ್ನ ಲೇಖನದಷ್ಟು ಖಾಲಿ ಗಾಡಿಯನ್ನು ಒಂದು ದಿನವೂ ಹಳಿಯ ಮೇಲೆ ಬಿಟ್ಟವನಲ್ಲ.

ನನ್ನ ಹೆಂಡತಿ ಡೈನೆಸ್ ಎಂದಿನಂತೆ ಸ್ಟೇಷನ್ನಿನಲ್ಲಿ ಒಣಮೀನು ಮಾರುತ್ತಿದ್ದಾಳೆ. ನಿನ್ನ ಪತ್ರಿಕೆಯ ಮೊದಲ ಪುಟದಲ್ಲಿ, ಮಂತ್ರಿಗಳ ಮುಖ ಮೀನಿಗೆ ತಾಗುವ ಹಾಗೆ ಪೊಟ್ಟಣ ಕಟ್ಟುತ್ತಾಳೆ. ನಾಲ್ಕನೇ ಪುಟವನ್ನು ಮಾತ್ರ ಯಾರಿಗೂ ಕೊಡುವುದಿಲ್ಲ. ಏಕೆಂದು ಕೇಳಿದರೆ, “ಅದ್ರಲ್ಲಿ ಕಟ್ಟಿದ್ರೆ ಮೀನಿಗೂ ಬೆಂಬಾ ವಾಸ್ನೆ ಹತ್ಕೊಳುತ್ತೆ” ಅನ್ನುತ್ತಾಳೆ. ಆದರೆ ಗಿರಾಕಿಗಳನ್ನು ನಿಲ್ಲಿಸಿಕೊಂಡು ಗಟ್ಟಿಯಾಗಿ ಓದಿ ಹೇಳುತ್ತಾಳೆ. ನಿನ್ನ ಸಾಲು ಬಂದಾಗ ಮೂಗು ಹಿಡಿದುಕೊಂಡು ಓದುತ್ತಾಳೆ.

ನಿನ್ನ ಒಡೆಯ,
ಲುಫೆಯೊ ಶಾವ

ತಾ.ಕ.: ಏ ಕಪಾಸ, ಹೋದ ಸಲ ಬಂದಾಗ ಟೋಪಿ ಬಿಟ್ಟೋಗಿದ್ದೀಯ. ಅದ್ರಲ್ಲಿ ಕೋಳಿ ಕಾವಿಗೆ ಕೂತಿದೆ. ಮರಿ ಎದ್ದ ಮೇಲೆ ಬಂದು ಟೋಪಿ ತಗೊಂಡ್ಹೋಗು. ಮರಿ ಕೇಳ್ಬೇಡ. – ಡೈನೆಸ್


ಕಾಬ್ವೆ
2 ಮಾರ್ಚ್ 1997

ಇಲಿ ಸುಟ್ಟು ತಿನ್ನುವ ನನ್ನ ಆಳು ಲುಫೆಯೊಗೆ,

ನಿನ್ನ ಕಾಗದ ತಲುಪಿತು. ಅದನ್ನು ನಾಲ್ಕನೇ ಪುಟಕ್ಕೆ ಅಚ್ಚಿನ ಮೊಳೆಯಲ್ಲಿ ಜೋಡಿಸುತ್ತಿದ್ದ ನಮ್ಮ ಮುದುಕ ನಗುತ್ತ ನಗುತ್ತ ಅರ್ಧ ಪುಟದ ಮೊಳೆ ನೆಲಕ್ಕೆ ಚೆಲ್ಲಿದ. ಹೆಕ್ಕಿ ಜೋಡಿಸುವಷ್ಟರಲ್ಲಿ ಪತ್ರಿಕೆ ಒಂದು ದಿನ ತಡವಾಯಿತು. ಓದುಗರು ಯಾರೂ ದೂರಲಿಲ್ಲ. ಹಿಂದಿನ ವಾರದ್ದೇ ಮತ್ತೊಮ್ಮೆ ಬಂದಿದೆ ಎಂದುಕೊಂಡರಂತೆ.

ನಿನಗೆ ವಯಸ್ಸಾಗುತ್ತಿದೆ ಲುಫೆಯೊ. ಬೈಗುಳದಲ್ಲಿ ಉಪ್ಪು ಕಡಿಮೆಯಾಗಿದೆ. ನೀನು ಸತ್ತ ದಿನ, ಅಜ್ಜಂದಿರ ಒಪ್ಪಂದದ ಪ್ರಕಾರ, ನಾನೇ ಮೊದಲು ಗುಂಡಿಗಿಳಿದು ಕಾಲು ಚಾಚಿ ಮಲಗುತ್ತೇನೆ, ನೆನಪಿಡು. ನಿನ್ನ ಕಡೆಯವರು ದುಡ್ಡು ಬಿಚ್ಚುವ ತನಕ ಏಳುವವನಲ್ಲ. ನಿನ್ನಪ್ಪನ ಗುಂಡಿಯಲ್ಲಿ ನನ್ನಪ್ಪ ಮಲಗಿದಾಗ ಕೊನೆಗೆ ಪಾದ್ರಿಯೇ ಜೇಬಿಗೆ ಕೈಹಾಕಬೇಕಾಯಿತು. ಅಳುತ್ತಿದ್ದ ನಿನ್ನಮ್ಮ ಆ ದಿನ ನಕ್ಕಿದ್ದು ಅದೊಂದೇ ಸಲ. ಆ ಮನೆತನದವನು ನಾನು. ಕೆಲಸದಲ್ಲಿ ಮೋಸವಿಲ್ಲ.

ಡೈನೆಸಳಿಗೆ ಹೇಳು: ಹೋದ ಸಲ ಅಳಗುಳಿ ಆಟದಲ್ಲಿ ಅವಳು ಸೊಂಟಕ್ಕೆ ಸುತ್ತಿಕೊಂಡ ಚಿತೆಂಗೆ ಬಟ್ಟೆಯ ಮಡಿಲಿಗೆ ಕಾಯಿ ಇಳಿಸಿದ್ದನ್ನು ನೋಡಿದ್ದೇನೆ. ಸುಮ್ಮನಿದ್ದದ್ದು ಊಟ ಇನ್ನೂ ಆಗಿರಲಿಲ್ಲವೆಂದು.

ಒಂದು ದೊಡ್ಡ ಸುದ್ದಿ. ಮುಂದಿನ ತಿಂಗಳು ಲುಸಾಕದಲ್ಲಿ ಸಂಪಾದಕರಿಗೆ ತರಬೇತಿ. ಚಳಿದೇಶದಿಂದ ಶ್ರೀಮಾನ್ ಲುಂಡ್ ಎಂಬವರು ಬಂದು ಪತ್ರಿಕಾಧರ್ಮ ಬೋಧಿಸುತ್ತಾರಂತೆ. ಊಟ ಪುಕ್ಕಟೆ. ಕೊನೆಯಲ್ಲಿ ಪ್ರಮಾಣಪತ್ರ. ವಾಪಸು ಬಂದಾಗ ನನ್ನ ಜೊತೆ ನಿಂತು ಮಾತಾಡಲು ನಿನಗೆ ಯೋಗ್ಯತೆ ಸಾಲದೇ ಹೋಗಬಹುದು.

ನಿನ್ನ ನಿಜವಾದ ಒಡೆಯ,
ಅಲ್ಬಿನೊ ಕಪಾಸ


ಕಪಿರಿ ಮ್ಪೋಶಿ
13 ಮೇ 1997

ಕಪಾಸ,

ಡೈನೆಸ್ ಹೋದಳು. ಇವತ್ತು ಬೆಳಿಗ್ಗೆ. ಬುಟ್ಟಿ ತಲೆಗೆತ್ತಿಕೊಳ್ಳುವಾಗ ಕುಸಿದಳು, ಆಸ್ಪತ್ರೆ ಮುಟ್ಟಲಿಲ್ಲ.

ಗುರುವಾರ ಮಣ್ಣು. ಈ ಚೀಟಿಯನ್ನು ಗಾರ್ಡ್ ಕೈಲಿ ಕಳಿಸುತ್ತಿದ್ದೇನೆ. ಬಂದು ನಿನ್ನ ಕೆಲಸ ಮಾಡು.

ಲುಫೆಯೊ


ಕಾಬ್ವೆ
26 ಮೇ 1997

ಮಾನ್ಯ ಶ್ರೀ ಲುಫೆಯೊ ಶಾವ ಅವರಿಗೆ,

ತಮ್ಮ ಧರ್ಮಪತ್ನಿಯವರ ಅಂತ್ಯಕ್ರಿಯೆಯಲ್ಲಿ ಪಾಲ್ಗೊಳ್ಳುವ ಅವಕಾಶ ನನಗೆ ದೊರೆಯಿತು. ಹೊಸ ಕರಿಕೋಟು ತೊಟ್ಟು, ಮುಂದಿನ ಸಾಲಿನಲ್ಲಿ, ಜಿಲ್ಲಾಧಿಕಾರಿಗಳ ಪಕ್ಕದ ಕುರ್ಚಿಯಲ್ಲಿ ನಾನು ಕುಳಿತಿದ್ದುದನ್ನು ತಾವು ಗಮನಿಸಿರಬಹುದು. ಇಡೀ ಹೊತ್ತು ಒಂದು ಮಾತೂ ಆಡಲಿಲ್ಲ. ಇದು ಸುಲಭವಾಗಿರಲಿಲ್ಲ ಎಂದು ಮಾತ್ರ ಹೇಳಬಲ್ಲೆ.

ಇದು ಲುಸಾಕದಲ್ಲಿ ಕಲಿತ ಮೊದಲ ಪಾಠ. ಸಾವಿನ ಮನೆಯಲ್ಲಿ ಪತ್ರಕರ್ತ ನಗಬಾರದು, ನಗಿಸಬಾರದು. ಯಾರ ಕುಲವನ್ನೂ ಎತ್ತಬಾರದು. ದುಃಖಕ್ಕೆ ದೂರದಿಂದ ತಲೆಬಾಗಬೇಕು. ಎರಡನೆಯ ಪಾಠ, ಅಚ್ಚಿನಲ್ಲಿ ತಪ್ಪು ಬಂದರೆ ಅದೇ ಅಳತೆಯ ಅಕ್ಷರದಲ್ಲಿ ತಿದ್ದುಪಡಿ ಹಾಕಬೇಕು ಎಂಬುದು. ಸದ್ಯ ನಮ್ಮಲ್ಲಿ ತಪ್ಪುಗಳಿಲ್ಲದ್ದರಿಂದ ಅದರ ಅಗತ್ಯ ಬಿದ್ದಿಲ್ಲ. ಪ್ರಮಾಣಪತ್ರಕ್ಕೆ ಕಟ್ಟು ಹಾಕಿಸಿ ಕಚೇರಿಯ ಗೋಡೆಗೆ ತೂಗುಹಾಕಿದ್ದೇನೆ.

ಮೊದಲ ಪುಟದಲ್ಲೇ ಕಪ್ಪು ಚೌಕಟ್ಟಿನಲ್ಲಿ ಬಂದ ಶ್ರದ್ಧಾಂಜಲಿಯ ಪ್ರತಿ ಲಗತ್ತಿಸಿದೆ. ‘ತಾಳ್ಮೆಯ ಮೂರ್ತಿ, ಮಿತಭಾಷಿ, ಪ್ರಾಮಾಣಿಕ ವ್ಯಾಪಾರಿ, ಅತಿಥಿಸತ್ಕಾರದಲ್ಲಿ ಎತ್ತಿದ ಕೈ. ಅವರ ಅಗಲಿಕೆ ತುಂಬಲಾರದ ನಷ್ಟ. ನಮ್ಮ ಸಂಪಾದಕರು ಅಂತ್ಯಕ್ರಿಯೆಯಲ್ಲಿ ಉಪಸ್ಥಿತರಿದ್ದರು.’ ಜಿಲ್ಲಾಧಿಕಾರಿಗಳು ಓದಿ, ಬಹಳ ಗಂಭೀರವಾಗಿದೆ ಎಂದರು. ನಮ್ಮ ಪತ್ರಿಕೆಗೆ ಈ ಮಾತು ಇದೇ ಮೊದಲು.

ನಾಲ್ಕನೇ ಪುಟದ ಬೈಗುಳಗಳನ್ನು ಸದ್ಯಕ್ಕೆ ನಿಲ್ಲಿಸಿ ಆರೋಗ್ಯ ಸಲಹೆ ಆರಂಭಿಸಿದ್ದೇನೆ. ತಾವೂ ಏನಾದರೂ ಬರೆದು ಕಳಿಸಬೇಕು.

ತಮ್ಮ ವಿಶ್ವಾಸಿ,
ಎ. ಕಪಾಸ
ಸಂಪಾದಕರು


ಕಪಿರಿ ಮ್ಪೋಶಿ
20 ಜೂನ್ 1997

ಮಾನ್ಯ ಸಂಪಾದಕರೇ,

ತಮ್ಮ ಪತ್ರ ಹಾಗೂ ಲಗತ್ತು ತಲುಪಿದವು. ಧನ್ಯವಾದಗಳು. ಶ್ರದ್ಧಾಂಜಲಿಯಲ್ಲಿ ಬಣ್ಣಿಸಿರುವ ಮಹಿಳೆಯ ಪರಿಚಯ ನನಗಿರಲಿಲ್ಲ. ಒಳ್ಳೆಯವರಂತೆ ಕಾಣುತ್ತಾರೆ.

ಮುಂದಿನ ವಾರದಿಂದ ಪತ್ರಿಕೆ ಕಳಿಸುವುದು ಬೇಡ. ಮನೆಯಲ್ಲಿ ಈಗ ಮೀನು ಕಟ್ಟುವವರಿಲ್ಲ.

ತಮ್ಮ ಆರೋಗ್ಯ ಸಲಹೆಗಳಿಗೆ ಯಶಸ್ಸು ಕೋರುತ್ತೇನೆ.

ತಮ್ಮ ವಿಶ್ವಾಸಿ,
ಎಲ್. ಶಾವ
ನಿವೃತ್ತ ಗಾರ್ಡ್


ಕಾಬ್ವೆ
11 ಆಗಸ್ಟ್ 1997

ಲುಫೆಯೊ,

‘ತಾವು’, ‘ಮಾನ್ಯ’, ‘ಧನ್ಯವಾದ’. ಏನಯ್ಯಾ ಇದೆಲ್ಲ? ಜ್ವರವೇ? ಕಾಗದವನ್ನು ಮೂರು ಸಲ ತಿರುಗಿಸಿ ಹುಡುಕಿದೆ, ಒಂದು ಬೈಗುಳವೂ ಸಿಗಲಿಲ್ಲ. ನಲವತ್ತು ವರ್ಷದಲ್ಲಿ ನೀನು ನನಗೆ ಯಶಸ್ಸು ಕೋರಿದ್ದು ಇದೇ ಮೊದಲು. ನಾನೇನು ಅಷ್ಟು ದೊಡ್ಡ ತಪ್ಪು ಮಾಡಿದೆ? ಬಂದಿದ್ದೆನಲ್ಲ? ಮುಂದಿನ ಸಾಲಿನಲ್ಲೇ ಇದ್ದೆನಲ್ಲ?

ಇಲ್ಲಿ ಪತ್ರಿಕೆ ಕೊಳ್ಳುವವರಿಲ್ಲ. ನಿನ್ನೆ ಮಾರ್ಕೆಟ್ಟಿನಲ್ಲಿ ಟೊಮೆಟೊ ಮಾರುವ ಮುತಾಲೆಯ ಅಮ್ಮ ಹತ್ತು ಜನರ ಎದುರು ನನ್ನನ್ನು ಹಿಡಿದು ನಿಲ್ಲಿಸಿದಳು.

“ಏನ್ ಸಂಪಾದಕ್ರೇ, ನಾಲ್ಕನೇ ಪುಟ್ದಲ್ಲಿ ಹಲ್ಲುಜ್ಜೋದು ಹೇಗೆ ಅಂತ ಬರ್ದಿದ್ದೀರಲ್ಲ, ಅಂಗೋನಿಗಳೆಲ್ಲ ಸತ್ತೋದ್ರಾ?”

“ಇಲ್ಲಮ್ಮ, ಪತ್ರಿಕೆ ಸ್ವಲ್ಪ ಗಂಭೀರ ಆಗಿದೆ.”

“ನಮ್ಮತ್ತೇನೂ ಹಂಗೇ ಗಂಭೀರ ಆದ್ರು. ಮೂರನೇ ದಿನ ಎತ್ಕೊಂಡ್ಹೋದ್ವಿ.”

ಲುಂಡ್ ಅವರ ಪ್ರಮಾಣಪತ್ರ ನೆನೆಯುತ್ತ ಎರಡು ಟೊಮೆಟೊ ಕೊಂಡು ಜಾಗ ಬಿಟ್ಟೆ.

ಏನಾದರೂ ಬರೆ. ಒಂದು ಸಾಲು ಸಾಕು. ಕೋತಿ ಎಂದಾದರೂ ಬರೆ.

ಅಲ್ಬಿನೊ


ಚಿಪಾಟ
4 ಅಕ್ಟೋಬರ್ 1997

ಕಪಾಸ ಮಾವನಿಗೆ ಎಸ್ನಾತಳ ನಮಸ್ಕಾರ.

ಲುಫೆಯೊ ಶಾವರ ದೊಡ್ಡ ಮಗಳು ನಾನು, ಇಲ್ಲಿ ಶಾಲೆಯಲ್ಲಿ ಟೀಚರು. ನೀವು ನನ್ನನ್ನು ಚಿಕ್ಕಂದಿನಲ್ಲಿ ‘ಇಲಿಮರಿ’ ಎಂದು ಕರೆಯುತ್ತಿದ್ದಿರಿ. ಆ ಸಲಿಗೆಯಿಂದ ಬರೆಯುತ್ತಿದ್ದೇನೆ. ಅಪ್ಪ ನಿಮಗೆ ಉತ್ತರ ಬರೆದಿಲ್ಲ, ಬರೆಯುವುದೂ ಇಲ್ಲ. ಕಾರಣ ನಿಮಗೆ ಇನ್ನೂ ಹೊಳೆದಿಲ್ಲವೆಂದು, ಊರಿಗೆ ಹೋದಾಗ ನಿಮ್ಮ ಕಾಗದ ನೋಡಿ ಗೊತ್ತಾಯಿತು.

ಅಮ್ಮನ ಪೆಟ್ಟಿಗೆ ಗುಂಡಿಯ ಪಕ್ಕ ಇಟ್ಟಾಗ ಸ್ಟೇಷನ್ನಿನ ಇಬ್ಬರು ಬೆಂಬಾ ಹುಡುಗರು ಒಳಗೆ ಹಾರಿ ಗಲಾಟೆ ಮಾಡಿದರು. ಯಾವ ಹುಡುಗರೋ. ಅಮ್ಮನ ಕೈಯಡುಗೆ ಉಂಡವರಲ್ಲ, ಅವಳ ಬಾಯಿಗೆ ಸಿಕ್ಕವರಲ್ಲ. ನಮ್ಮ ಚಿಕ್ಕಪ್ಪ ಏನೋ ಕೊಟ್ಟು ಎಬ್ಬಿಸಿದರು. ಅಪ್ಪ ಅವರ ಕಡೆ ತಿರುಗಿಯೂ ನೋಡಲಿಲ್ಲ. ಐವತ್ತು ಕ್ವಾಚದ ನೋಟೊಂದನ್ನು ಮಡಚಿ ಮಡಚಿ ಉಗುರಿನಷ್ಟು ಮಾಡಿ ಮುಷ್ಟಿಯಲ್ಲಿ ಹಿಡಿದುಕೊಂಡಿದ್ದರು. ಅದು ನಿಮಗೆ ಕೊಡಲು. ಬೆಳಿಗ್ಗೆಯೇ ನನಗೆ ತೋರಿಸಿ, “ಕಪಾಸ ಐನೂರು ಕೇಳ್ತಾನೆ ನೋಡ್ತಿರು, ಐವತ್ತರ ಮೇಲೆ ಒಂದು ಕಾಸೂ ಬಿಚ್ಚಲ್ಲ” ಅಂದಿದ್ದರು.

ಅಗೆಯುವವರು ಬಂದು, “ಪೆಟ್ಟಿಗೆ ಇಳಿಸೋಣ್ವಾ?” ಅಂದರು. “ಸ್ವಲ್ಪ ತಡೀರಪ್ಪ” ಅಂದರು ಅಪ್ಪ. ಮತ್ತೆ ಕೇಳಿದರು. ಮತ್ತೆ, “ಸ್ವಲ್ಪ ತಡೀರಿ.” ಅಪ್ಪ ನೋಡುತ್ತಿದ್ದದ್ದು ನಿಮ್ಮ ಕುರ್ಚಿಯ ಕಡೆ. ನೀವು ಟೈ ಸರಿಮಾಡಿಕೊಂಡಿರಿ. ಆಮೇಲೆ ಪೆಟ್ಟಿಗೆ ಇಳಿಯಿತು, ಅಪ್ಪನೇ ಸಲಿಕೆ ತೆಗೆದುಕೊಂಡರು.

ಮಾವ, ಗುಂಡಿಯ ಪಕ್ಕ ಕುರ್ಚಿ ಹಾಕಿಕೊಂಡು ಕೂರುವವರು ಪರಕೀಯರು. ನಮ್ಮಪ್ಪನಿಗೆ ಹೆಂಡತಿ ಹೋದ ದಿನವೇ ಬೈಯುವ ಭಾವನೂ ಹೋದ ಹಾಗಾಯಿತು. ಆ ಕಪ್ಪು ಚೌಕಟ್ಟನ್ನು ನಾನೂ ಓದಿದೆ. ನಮ್ಮಮ್ಮ ಮಿತಭಾಷಿಯಾದರೆ ನಮ್ಮ ಶಾಲೆಯ ಗಂಟೆಯೂ ಮಿತಭಾಷಿ.

ಬರುವ ಮೇ ತಿಂಗಳಲ್ಲಿ ಸಮಾಧಿಕಲ್ಲು ನಿಲ್ಲಿಸುತ್ತೇವೆ. ಅಷ್ಟರೊಳಗೆ ಏನಾದರೂ ಮಾಡಿ. ಕ್ಷಮೆ ಕೇಳಿ ಮಾತ್ರ ಬರೆಯಬೇಡಿ. ಅದಿನ್ನೊಂದು ಮರ್ಯಾದೆಯಾಗುತ್ತದೆ, ಅಪ್ಪ ತಡೆಯುವುದಿಲ್ಲ.

ಮರಿಗಳು ಎದ್ದು ದೊಡ್ಡವಾದವು. ನಿಮ್ಮ ಟೋಪಿಯನ್ನು ಅಪ್ಪ ಬಿಸಾಡಿಲ್ಲ. ಈಗ ಎರಡನೇ ಕೋಳಿ ಕೂತಿದೆ.

ನಿಮ್ಮ ಇಲಿಮರಿ,
ಎಸ್ನಾತ್


ಕಪಿರಿ ಮ್ಪೋಶಿ
6 ಏಪ್ರಿಲ್ 1998

ಮಾನ್ಯ ಸಂಪಾದಕರೇ,

ನನ್ನ ದಿವಂಗತ ಪತ್ನಿಯ ಸಮಾಧಿಕಲ್ಲಿನ ಅನಾವರಣ ಮೇ 16ರ ಶನಿವಾರ ಬೆಳಿಗ್ಗೆ ಇಲ್ಲಿಯ ಸ್ಮಶಾನದಲ್ಲಿ ನಡೆಯಲಿದೆ. ಈ ವಿಷಯವನ್ನು ತಮ್ಮ ಪತ್ರಿಕೆಯಲ್ಲಿ ಎಂದಿನ ದರದಲ್ಲಿ ಪ್ರಕಟಿಸಬೇಕಾಗಿ ವಿನಂತಿ.

ಬಿಡುವಾದರೆ ತಾವೂ ಬರಬಹುದು. ಮುಂದಿನ ಸಾಲಿನಲ್ಲಿ ಕುರ್ಚಿ ಕಾದಿರಿಸಲಾಗಿದೆ.

ತಮ್ಮ ವಿಶ್ವಾಸಿ,
ಎಲ್. ಶಾವ


‘ಇಲ್ಯಾಶಿ’, ನಾಲ್ಕನೇ ಪುಟ
ಕಾಬ್ವೆ, 8 ಮೇ 1998

ತಿದ್ದುಪಡಿ

ಓದುಗ ಮಹಾಶಯರೇ,

ಕಳೆದ ವರ್ಷ ಮೇ ತಿಂಗಳಲ್ಲಿ ಈ ಪತ್ರಿಕೆಯ ಮೊದಲ ಪುಟದಲ್ಲಿ ಕಪಿರಿ ಮ್ಪೋಶಿಯ ಡೈನೆಸ್ ಶಾವ ಎಂಬಾಕೆಯ ಬಗ್ಗೆ ಒಂದು ಶ್ರದ್ಧಾಂಜಲಿ ಅಚ್ಚಾಗಿತ್ತು. ಅದರಲ್ಲಿ ಅನೇಕ ತಪ್ಪುಗಳು ನುಸುಳಿವೆ. ಮೊಳೆ ಜೋಡಿಸುವ ಮುದುಕನದು ಏನೂ ತಪ್ಪಿಲ್ಲ. ಅವನು ಜೋಡಿಸುವಾಗಲೇ, “ಇದ್ಯಾರ ಬಗ್ಗೆ ಬುದ್ಧೀ?” ಎಂದು ಕೇಳಿದ್ದ. ಚಳಿದೇಶದ ಲುಂಡ್ ಅವರು ಕಲಿಸಿದ ಎರಡನೇ ಪಾಠದಂತೆ, ಅದೇ ಅಳತೆಯ ಅಕ್ಷರದಲ್ಲಿ, ಅದೇ ಕಪ್ಪು ಚೌಕಟ್ಟಿನಲ್ಲಿ ಈ ತಿದ್ದುಪಡಿ ಹಾಕುತ್ತಿದ್ದೇವೆ.

ಡೈನೆಸ್ ‘ತಾಳ್ಮೆಯ ಮೂರ್ತಿ’ ಎಂದು ಬರೆದಿದ್ದೆವು. ಗಿರಾಕಿಯೊಬ್ಬ ಮೀನು ತೆಗೆದುಕೊಂಡು ದುಡ್ಡು ಕೊಡದೆ ಕಿಟಕಿ ಎಳೆದುಕೊಂಡನೆಂದು ಈಕೆ ಹೊರಟ ಗಾಡಿಯ ಜೊತೆ ಓಡಿ, ಹಿಂದಿನ ಡಬ್ಬಿಯಲ್ಲಿ ಹಸಿರು ಬಾವುಟ ಬೀಸುತ್ತಿದ್ದ ಗಂಡನ ಕಂಕುಳಿನಿಂದ ಕೆಂಪು ಬಾವುಟ ಕಿತ್ತು ಬೀಸಿ ಗಾಡಿ ನಿಲ್ಲಿಸಿದವಳು. ಗಂಡ ಮೇಲಧಿಕಾರಿಗಳಿಗೆ, ಹಳಿಯ ಮೇಲೆ ಹಸು ಬಂದಿತ್ತು ಎಂದು ವರದಿ ಬರೆದ. ಹಸುವಿನ ಹೆಸರು ಬರೆಯಲಿಲ್ಲ.

‘ಮಿತಭಾಷಿ’ ಎಂಬ ಪದ ಹೇಗೆ ಬಂತೆಂದು ತಿಳಿಯದು. ಈಕೆ ಕಪಿರಿಯಲ್ಲಿ ಬಾಯಿ ತೆರೆದರೆ ಕಾಬ್ವೆಯ ನಾಯಿಗಳು ಎದ್ದು ಕೂರುತ್ತಿದ್ದವು.

‘ಪ್ರಾಮಾಣಿಕ ವ್ಯಾಪಾರಿ’ ಎಂಬುದಂತೂ ಮೀನು ಕೊಂಡ ಪ್ರತಿಯೊಬ್ಬರಿಗೂ ಮಾಡಿದ ಅವಮಾನ. ಆಕೆಯ ಅಳತೆಯ ಡಬ್ಬದ ತಳ ಒಳಕ್ಕೆ ಉಬ್ಬಿತ್ತು. ಯಾರಾದರೂ ಬೆರಳು ಹಾಕಿ ತೋರಿಸಿದರೆ, “ಅದಕ್ಕೂ ವಯಸ್ಸಾಯ್ತು ಕಣಪ್ಪ, ಬೆನ್ನು ಬಗ್ಗಿದೆ, ನೀನೇನು ನೆಟ್ಟಗಿದ್ದೀಯ?” ಅನ್ನುತ್ತಿದ್ದಳು.

‘ಅತಿಥಿಸತ್ಕಾರ’ದ ವಿಷಯ. ಒಂದು ಸಂಜೆ ಪಾರಿವಾಳದ ಸಾರು ಎಂದು ಹೇಳಿ ಈಕೆ ಸಂಪಾದಕರಿಗೆ ಇಲಿ ಬಡಿಸಿದಳು. ಅದು ಪಾರಿವಾಳವಲ್ಲ ಎಂದು ಅವರಿಗೆ ಗೊತ್ತಾದದ್ದು ಎರಡನೇ ಸಲ ಹಾಕಿಸಿಕೊಂಡ ಮೇಲೆ. ಮೂರನೇ ಸಲ ಹಾಕಿಸಿಕೊಂಡರು ಎಂಬ ವದಂತಿಯನ್ನು ಈ ಪತ್ರಿಕೆ ಬಲವಾಗಿ ಅಲ್ಲಗಳೆಯುತ್ತದೆ.

‘ತುಂಬಲಾರದ ನಷ್ಟ’ ಎಂದೂ ಬರೆದಿತ್ತು. ಅಳಗುಳಿ ಆಡುವವರಿಗೆ ನಷ್ಟವೇನಿಲ್ಲ ಎಂದು ಸಂಪಾದಕರ ಎಣಿಕೆಯಾಗಿತ್ತು. ಕಾಯಿ ಕದಿಯದವರ ಜೊತೆ ಒಂದು ವರ್ಷ ಆಡಿ ನೋಡಿದರು. ಪ್ರತಿ ಸಲವೂ ಗೆದ್ದರು. ಈಗ ಆ ಮಣೆಯ ಮೇಲೆ ಪ್ರೆಸ್ಸಿನ ಮಸಿ ಡಬ್ಬ ಇಟ್ಟಿದ್ದಾರೆ.

ಕೊನೆಯದಾಗಿ, ‘ನಮ್ಮ ಸಂಪಾದಕರು ಅಂತ್ಯಕ್ರಿಯೆಯಲ್ಲಿ ಉಪಸ್ಥಿತರಿದ್ದರು’ ಎಂಬ ವಾಕ್ಯವೂ ಸುಳ್ಳು. ಮುಂದಿನ ಸಾಲಿನ ಕುರ್ಚಿಯ ಮೇಲಿದ್ದದ್ದು ಒಂದು ಕರಿಕೋಟು. ಸಂಪಾದಕರು ಅಂದು ಬಂದಿರಲಿಲ್ಲ. ಹದಿನಾರನೇ ತಾರೀಖು ಬರುತ್ತಾರೆ. ಕುರ್ಚಿ ಬೇಡ.

ಪ್ರಮಾಣಪತ್ರ ಗೋಡೆಯ ಮೇಲೆ ಹಾಗೇ ಇದೆ. ಅದರ ಹಿಂದೆ ಒಂದು ದೊಡ್ಡ ಬಿರುಕಿದೆ. ಆರೋಗ್ಯ ಸಲಹೆಗಳು ಈ ವಾರದಿಂದ ನಿಂತಿವೆ. ಹಲ್ಲುಜ್ಜುವುದು ಹೇಗೆಂದು ಓದುಗರಿಗೆ ಈಗಾಗಲೇ ತಿಳಿದಿರುತ್ತದೆ, ಇಲಿ ತಿನ್ನುವವರನ್ನು ಬಿಟ್ಟು.

ಅಲ್ಬಿನೊ ಕಪಾಸ
ಸಂಪಾದಕ, ಲುಫೆಯೊ ಶಾವನ ಒಡೆಯ


ಕಪಿರಿ ಮ್ಪೋಶಿ
20 ಮೇ 1998

ಕೋತಿ ತಿನ್ನುವವನೇ,

ನಿನ್ನ ತಿದ್ದುಪಡಿಯಲ್ಲೂ ತಪ್ಪಿದೆ. ನೀನು ನಾಲ್ಕು ಸಲ ಹಾಕಿಸಿಕೊಂಡೆ. ಬಡಿಸಿದ ಪಾತ್ರೆ ತೊಳೆದವನು ನಾನು.

ಶನಿವಾರ ನಡೆದದ್ದನ್ನು ನಿನ್ನ ಪತ್ರಿಕೆಗೆ ನಾನೇ ಬರೆಯುತ್ತಿದ್ದೇನೆ. ನಿನ್ನ ಕೈಗೆ ಬಿಟ್ಟರೆ ಮತ್ತೆ ಕಪ್ಪು ಚೌಕಟ್ಟು ಹಾಕಿಬಿಟ್ಟೀಯ. ಪಾದ್ರಿಗಳು ಕಲ್ಲಿನ ಮೇಲಿನ ಬಿಳಿ ಬಟ್ಟೆಗೆ ಕೈಹಾಕಿದರು. ಆಗ ಜನರ ಹಿಂದಿನಿಂದ, ನಮ್ಮ ಮನೆಯ ಕೋಳಿಯ ಕೆಳಗಿಂದ ಎಳೆದು ತಂದ, ಹಿಕ್ಕೆ ಮೆತ್ತಿದ ಟೋಪಿ ಹಾಕಿಕೊಂಡು ಒಂದು ಮುದಿ ಪ್ರಾಣಿ ನುಗ್ಗಿ ಬಂದು, ಬಟ್ಟೆಯ ಸಮೇತ ಸಿಮೆಂಟಿನ ಮೇಲೆ ಉದ್ದಕ್ಕೆ ಮಲಗಿತು. “ಐನೂರು ಇಡು! ಒಂದು ವರ್ಷದ ಬಡ್ಡಿ ಬೇರೆ! ಈ ಹೆಂಗ್ಸು ನನ್ ಕಾಯಿ ಕದ್ದಿದ್ದಾಳೆ, ಲೆಕ್ಕ ಆಗೋ ತನ್ಕ ಬಟ್ಟೆ ತೆಗ್ಯಕ್ಕೆ ಬಿಡಲ್ಲ!” ಎಂದು ಕೂಗಿತು. ಪಾದ್ರಿಗಳು ಹೊಸಬರು, ದೂರದ ಊರಿನವರು. ಗಾಬರಿಯಾಗಿ, “ಇವರು ಯಾರು? ಪೊಲೀಸರನ್ನ ಕರೀಲಾ?” ಎಂದರು. ಮೀನಿನ ಹೆಂಗಸರು ಅವರ ತೋಳು ಹಿಡಿದು, “ಸುಮ್ನಿರಿ ಫಾದರ್, ಈಗ ಶುರುವಾಯ್ತು” ಎಂದರು.

ನಾನು ನೋಟು ಕೊಟ್ಟೆ. ಅದೇ ನೋಟು. ನೀನು ಬಿಡಿಸಿ ಬಿಡಿಸಿ ನೋಡಿ, “ಐವತ್ತು? ಇದಕ್ಕೆ ಈಗ ಬೆಂಕಿಪೊಟ್ಟಣಾನೂ ಬರಲ್ಲ ಕಣೋ” ಎಂದೆ.

“ಹೋದ್ ವರ್ಷ ಬರ್ತಿತ್ತು. ಆವಾಗ ಬರ್ಬೇಕಿತ್ತು” ಎಂದೆ ನಾನು.

ಇಷ್ಟನ್ನು ಅಚ್ಚು ಹಾಕು. ಆಮೇಲೆ ನಿನಗೆ ಮಂಡಿ ಹಿಡಿದುಕೊಂಡು ಏಳಲಾಗದೆ ನಾನು ಕೈ ಕೊಟ್ಟು ಎಳೆದದ್ದನ್ನೂ ಬೇಕಾದರೆ ಹಾಕು, ಬೆಂಬಾಗಳ ಬಲ ಎಷ್ಟೆಂದು ಲೋಕಕ್ಕೆ ತಿಳಿಯಲಿ. ಎದ್ದು ನಿಂತ ಮೇಲೂ ಎಷ್ಟೋ ಹೊತ್ತು ಇಬ್ಬರೂ ಕೈ ಬಿಡಲಿಲ್ಲವಲ್ಲ, ಅದು ಬೇಡ. ಅದು ನಾಲ್ಕನೇ ಪುಟಕ್ಕೆ ಹೊಂದುವುದಿಲ್ಲ.

ಸೋಮವಾರದಿಂದ ಸ್ಟೇಷನ್ನಿನಲ್ಲಿ ಡೈನೆಸಳ ಜಾಗದಲ್ಲಿ ಕೂತಿದ್ದೇನೆ. ಡಬ್ಬ ಅದೇ. ತಳಕ್ಕೆ ಇನ್ನೊಂದು ಏಟು ಹಾಕಿದ್ದೇನೆ, ಕಾಲ ಕೆಟ್ಟಿದೆ. ಪತ್ರಿಕೆ ಕಳಿಸಲು ಶುರು ಮಾಡು. ಮೊದಲ ಪುಟದಲ್ಲಿ ದಪ್ಪ ಮುಖದ ಮಂತ್ರಿಗಳನ್ನೇ ಹಾಕು, ಪೊಟ್ಟಣ ಗಟ್ಟಿ ಬರುತ್ತದೆ.

ನಿನ್ನ ಒಡೆಯ,
ಲುಫೆಯೊ

ತಾ.ಕ.: ಟೋಪಿ ಹಾಕಿಕೊಂಡೇ ಹೋಗಿಬಿಟ್ಟಿದ್ದೀಯ. ಕೋಳಿ ನಾಲ್ಕು ದಿನದಿಂದ ಮನೆಯೆಲ್ಲ ಹುಡುಕುತ್ತಿದೆ. ತಂದುಕೊಡು.